ಸಾಲ ತೀರಿಸಿದವನ ಋಣ

ನನ್ನ ಪಿಎಚ್‌ಡಿ ವಿಷಯ ಹತ್ತೊಂಬತ್ತನೆಯ ಶತಮಾನದ ಅಮೆರಿಕದ ಆತ್ಮಕಥೆಗಳು. ಪೂರ್ವದ ಊರುಗಳನ್ನು ಬಿಟ್ಟು, ಎತ್ತಿನ ಬಂಡಿ ಕಟ್ಟಿಕೊಂಡು ಪಶ್ಚಿಮಕ್ಕೆ ಹೊರಟವರು, ಹೋದಲ್ಲಿ ಜಮೀನು ಹಿಡಿದು, ಊರು ಕಟ್ಟಿ, ಕಾನೂನು ಬರೆದು, ಮುಪ್ಪಿನಲ್ಲಿ ಕೂತು ಬರೆದುಕೊಂಡ ಪುಸ್ತಕಗಳು. ಇಂಥವನ್ನು ಓದುತ್ತಾ ಹೋದಂತೆ ಒಂದು ಅಭ್ಯಾಸ ಬೆಳೆದುಬಿಡುತ್ತದೆ: ಬರೆದವನು ಎಲ್ಲಿ ಸುಳ್ಳು ಹೇಳುತ್ತಿದ್ದಾನೆ ಎಂದು ಹುಡುಕುವುದು. ಪೀಟರ್ ಹಾರ್ಡಮನ್ ಬರ್ನೆಟ್ 1880ರಲ್ಲಿ ಪ್ರಕಟಿಸಿದ ನೆನಪುಗಳ ಪುಸ್ತಕ ನನ್ನನ್ನು ಕಂಗೆಡಿಸಿದ್ದು ಬೇರೆ ಕಾರಣಕ್ಕೆ. ಆತ ಬಹುಪಾಲು ನಿಜವನ್ನೇ ಹೇಳುತ್ತಾನೆ. ಆ ನಿಜದ ಜೊತೆ ನೆಮ್ಮದಿಯಾಗಿ ಬದುಕಿಯೂ ಇದ್ದಾನೆ.

ಬರ್ನೆಟ್ ಕ್ಯಾಲಿಫೋರ್ನಿಯಾದ ಮೊದಲ ಚುನಾಯಿತ ಗವರ್ನರ್. ಇವತ್ತು ಆತನ ಹೆಸರು ಎಲ್ಲಾದರೂ ಕೇಳಿಬಂದರೆ ಅದು ಒಂದೇ ಒಂದು ಮಾತಿಗಾಗಿ. ಅಲ್ಲಿನ ಮೂಲನಿವಾಸಿಗಳು ನಿರ್ನಾಮವಾಗುವವರೆಗೂ ಯುದ್ಧ ನಡೆಯುತ್ತಲೇ ಇರುತ್ತದೆ, ಹಾಗೆಂದು ನಾವು ನಿರೀಕ್ಷಿಸಲೇಬೇಕು ಎಂದು 1851ರ ಜನವರಿಯಲ್ಲಿ ಶಾಸನಸಭೆಗೆ ಬರೆದು ತಿಳಿಸಿದ ಮನುಷ್ಯ ಆತ. ಆದರೆ ಅದೇ ಮನುಷ್ಯ ತನ್ನ ಮೇಲಿದ್ದ ಸಾಲವನ್ನೆಲ್ಲ ವರ್ಷಗಟ್ಟಲೆ ದುಡಿದು ಪೈಸೆ ಬಿಡದೆ ತೀರಿಸಿದವನು. ಈ ಎರಡು ಸಂಗತಿಗಳನ್ನು ಒಟ್ಟಿಗೆ ಇಟ್ಟು ನೋಡಿದಾಗ ಹುಟ್ಟುವ ಪ್ರಶ್ನೆ ಈ ಬರಹದ್ದು. ಪ್ರಾಮಾಣಿಕ ಮನುಷ್ಯನೊಬ್ಬ ಇಷ್ಟು ದೊಡ್ಡ ಅನ್ಯಾಯಕ್ಕೆ ಸಹಿ ಹಾಕುವುದು ತನ್ನ ಪ್ರಾಮಾಣಿಕತೆಯನ್ನು ಮರೆತೋ, ಅಥವಾ ಆ ಪ್ರಾಮಾಣಿಕತೆಯ ಬಲದಿಂದಲೋ?

ಬರ್ನೆಟ್ ಹುಟ್ಟಿದ್ದು 1807ರಲ್ಲಿ, ಟೆನೆಸಿಯ ನ್ಯಾಶ್‌ವಿಲ್‌ನಲ್ಲಿ. ಸಾಧಾರಣ ಕುಟುಂಬ, ಶಾಲೆಯ ಓದು ಅಷ್ಟಕ್ಕಷ್ಟೇ. ಅಂಗಡಿಯಲ್ಲಿ ಗುಮಾಸ್ತನಾಗಿ, ಆಮೇಲೆ ತಾನೇ ವ್ಯಾಪಾರಕ್ಕಿಳಿದು, ಮಿಸೌರಿಯಲ್ಲಿ ಆ ವ್ಯಾಪಾರ ಮುಳುಗಿ, ಸ್ವಂತ ಓದಿನಿಂದ ವಕೀಲನಾದ. 1843ರ ಹೊತ್ತಿಗೆ ತಲೆಯ ಮೇಲೆ ದೊಡ್ಡ ಸಾಲ, ಹೆಂಡತಿ ಹ್ಯಾರಿಯೆಟ್‌ಳ ಕಾಯಿಲೆ, ಆರು ಮಕ್ಕಳು. ಆಗ ಮಿಸೌರಿಯ ಸೆನೆಟರ್ ಲೂಯಿಸ್ ಲಿನ್ ಒಂದು ಮಸೂದೆ ತಂದಿದ್ದ. ಪೆಸಿಫಿಕ್ ತೀರದ ಆರೆಗನ್ ಪ್ರದೇಶಕ್ಕೆ ಹೋಗಿ ನೆಲೆಸುವ ಪ್ರತಿ ಗಂಡಸಿಗೆ 640 ಎಕರೆ, ಪ್ರತಿ ಮಗುವಿನ ಲೆಕ್ಕದಲ್ಲಿ 160 ಎಕರೆ. ಬರ್ನೆಟ್ ಕೂಡಿಸಿ ನೋಡಿದ. ತನಗೆ ಸಿಗುವುದು 1600 ಎಕರೆ. ಆ ಜಮೀನಿನ ಬಲದಿಂದ ಸಾಲದ ಹೊರೆ ಇಳಿಸಬಹುದು.

ಸಾಲ ಮಾಡಿದವರು ರಾತ್ರೋರಾತ್ರಿ ಟೆಕ್ಸಾಸಿಗೆ ಓಡಿಹೋಗುವುದು ಆ ಕಾಲದಲ್ಲಿ ಗಾದೆಯಾಗುವಷ್ಟು ಮಾಮೂಲಿ. ಬರ್ನೆಟ್ ಓಡಿಹೋಗಲಿಲ್ಲ. ಸಾಲ ಕೊಟ್ಟವರ ಮುಂದೆ ತನ್ನ ಯೋಜನೆಯನ್ನು ಬಿಚ್ಚಿಟ್ಟು, ನೀವು ಒಪ್ಪಿದರೆ ಮಾತ್ರ ಹೊರಡುತ್ತೇನೆ ಎಂದ. ದಾರಿಗೆ ಬೇಕಾದಷ್ಟು ಇಟ್ಟುಕೊಂಡು ಉಳಿದದ್ದನ್ನು ಬಿಟ್ಟುಹೋಗು, ಕೈಗೂಡಿದಾಗ ಬಾಕಿ ಕೊಡು ಎಂದು ಅವರು ಒಪ್ಪಿದರು. ಇದನ್ನು ಬರೆಯುವಾಗ ಆತನ ದನಿಯಲ್ಲಿ ಹೆಮ್ಮೆಯಿದೆ. ಅದು ಸಹಜವಾದ ಹೆಮ್ಮೆ. ಸಾಲ ಕೊಟ್ಟವರ ಮುಖ ನೋಡಲಾಗದೆ ದಾರಿ ಬದಲಿಸಿ ನಡೆಯುವವರನ್ನು ಕಂಡವರಿಗೆಲ್ಲ ಇದರ ತೂಕ ಗೊತ್ತು.

ಆ ವರ್ಷದ ಮೇ ತಿಂಗಳಲ್ಲಿ ಸುಮಾರು ಸಾವಿರ ಜನರ ದೊಡ್ಡ ವಲಸೆ ಹೊರಟಿತು. ಬರ್ನೆಟ್ ಅದರ ಮೊದಲ ನಾಯಕನಾಗಿ ಆಯ್ಕೆಯಾದ. ಕೆಲವೇ ದಿನಗಳಲ್ಲಿ ರಾಜೀನಾಮೆ ಕೊಟ್ಟ.

ಇಲ್ಲಿ ಸ್ವಲ್ಪ ನಿಂತು ನೋಡಬೇಕು. ಲಿನ್ ಮಸೂದೆ ಸೆನೆಟ್ಟಿನಲ್ಲಿ ಪಾಸಾಗಿತ್ತು, ಆದರೆ ಕಾನೂನಾಗಲೇ ಇಲ್ಲ. ಆರೆಗನ್ ಆಗ ಅಮೆರಿಕದ್ದೂ ಆಗಿರಲಿಲ್ಲ. 1818ರ ಒಪ್ಪಂದದಂತೆ ಬ್ರಿಟನ್ ಮತ್ತು ಅಮೆರಿಕ ಎರಡೂ ಅಲ್ಲಿ ಕಾಲೂರಬಹುದಿತ್ತು, ಅಷ್ಟೇ. ವಲಸಿಗರು ಹೋಗಿ ಇಳಿದ ವಿಲಾಮೆಟ್ ಕಣಿವೆ ಕಲಪೂಯ ಜನರ ನೆಲ. 1830ರ ದಶಕದ ಚಳಿಜ್ವರದ ಸಾಂಕ್ರಾಮಿಕದಲ್ಲಿ ಅವರ ಬಹುಪಾಲು ಜನ ಸತ್ತಿದ್ದರು, ಉಳಿದವರು ಅಲ್ಲೇ ಇದ್ದರು. ಅಂದರೆ ಮಿಸೌರಿಯ ಸಾಲ ತೀರಿಸಲು ಬರ್ನೆಟ್ ನೆಚ್ಚಿಕೊಂಡಿದ್ದ ಆಸ್ತಿ, ಪಾಸಾಗದ ಕಾನೂನೊಂದು ತನ್ನದಲ್ಲದ ದೇಶದಲ್ಲಿ ಬೇರೆಯವರ ನೆಲವನ್ನು ಹಂಚುವ ಭರವಸೆ. ಮಿಸೌರಿಯಲ್ಲಿ ಎಲ್ಲರ ಒಪ್ಪಿಗೆ ಪಡೆದು ಹೊರಟವನಿಗೆ ಇಲ್ಲಿ ಒಪ್ಪಿಗೆ ಕೇಳಬೇಕಾದವರು ಯಾರಾದರೂ ಇದ್ದಾರೆ ಎಂದು ಅನಿಸಲಿಲ್ಲ.

ಕನ್ನಡದಲ್ಲಿ ನಮಗೆ ಎರಡು ಮಾತುಗಳಿವೆ: ಸಾಲ ಮತ್ತು ಋಣ. ಸಾಲಕ್ಕೆ ಮೊತ್ತವಿದೆ, ತಾರೀಕಿದೆ, ಕಾಗದವಿದೆ. ಋಣಕ್ಕೆ ಇವು ಯಾವುವೂ ಇಲ್ಲ. ಸಾಲವನ್ನು ನಾವು ಮಾಡುತ್ತೇವೆ. ಋಣದಲ್ಲಿ ಹುಟ್ಟುತ್ತೇವೆ, ಅಥವಾ ಋಣಕ್ಕೆ ಬೀಳುತ್ತೇವೆ. ಅನ್ನದ ಋಣ, ಮಣ್ಣಿನ ಋಣ ಎನ್ನುವಾಗ ಯಾರೂ ಅದನ್ನು ರೂಪಾಯಿಯಲ್ಲಿ ಹೇಳುವುದಿಲ್ಲ. ಬರ್ನೆಟ್‌ನ ಬದುಕನ್ನು ಈ ಎರಡು ಮಾತುಗಳ ನಡುವೆ ಇಟ್ಟರೆ ಕೆಲವು ಸಂಗತಿಗಳು ಸ್ಪಷ್ಟವಾಗುತ್ತವೆ ಎಂದು ನನಗೆ ಅನಿಸುತ್ತದೆ. ಸಾಲದ ವಿಷಯದಲ್ಲಿ ಆತ ನಿಷ್ಠುರ. ಋಣ ಆತನ ಕಣ್ಣಿಗೆ ಬಿತ್ತೇ ಎನ್ನುವುದು ಪ್ರಶ್ನೆ.

ಆತ ಅಂಜುಬುರುಕನಾಗಿದ್ದರೆ ಉತ್ತರ ಸುಲಭವಿತ್ತು. ಹಾಗಿರಲಿಲ್ಲ. ಮಿಸೌರಿಯ ಜನ ಮಾರ್ಮನ್ ಪಂಥದವರನ್ನು ಹೊಡೆದೋಡಿಸುತ್ತಿದ್ದ ದಿನಗಳಲ್ಲಿ, ಸೆರೆಯಲ್ಲಿದ್ದ ಅವರ ಗುರು ಜೋಸೆಫ್ ಸ್ಮಿತ್ ಪರವಾಗಿ ನಿಂತ ವಕೀಲರಲ್ಲಿ ಬರ್ನೆಟ್ ಒಬ್ಬ. ಸುತ್ತಲಿನವರೆಲ್ಲ ಪ್ರಾಟೆಸ್ಟೆಂಟರಾಗಿದ್ದಾಗ, ಎರಡೂ ಕಡೆಯ ವಾದಗಳನ್ನು ತಿಂಗಳುಗಟ್ಟಲೆ ಓದಿ ತೂಗಿ, 1846ರಲ್ಲಿ ಕ್ಯಾಥೊಲಿಕ್ ಆದ. ಅದಕ್ಕೆ ಕಾರಣ ಕೊಡುವ ದಪ್ಪ ಪುಸ್ತಕವೊಂದನ್ನು 1860ರಲ್ಲಿ ಪ್ರಕಟಿಸಿದ. ವಾದ ಕರೆದುಕೊಂಡು ಹೋದ ಕಡೆಗೆ, ಲೋಕದ ಮಾತಿಗೆ ಕಿವಿಗೊಡದೆ ಹೋಗಬಲ್ಲ ಮನುಷ್ಯ ಆತ.

ಆದರೆ 1844ರಲ್ಲಿ ಆರೆಗನ್ನಿನ ತಾತ್ಕಾಲಿಕ ಸರ್ಕಾರದ ಶಾಸನ ಸಮಿತಿಯಲ್ಲಿ ಆತ ತಂದ ಕಾನೂನು ನೋಡಿ. ಅದು ಗುಲಾಮಗಿರಿಯನ್ನು ನಿಷೇಧಿಸುತ್ತದೆ. ಜೊತೆಗೇ, ಸ್ವತಂತ್ರರಾದ ಕಪ್ಪು ಜನರೂ ಅಲ್ಲಿರಬಾರದು ಎನ್ನುತ್ತದೆ. ಗಂಡಸರು ಎರಡು ವರ್ಷದೊಳಗೆ, ಹೆಂಗಸರು ಮೂರು ವರ್ಷದೊಳಗೆ ಹೊರಡಬೇಕು. ಹೊರಡದಿದ್ದರೆ ಕನಿಷ್ಠ 20, ಗರಿಷ್ಠ 39 ಛಡಿಯೇಟು. ಆಮೇಲೂ ಹೊರಡದಿದ್ದರೆ ಆರು ತಿಂಗಳಿಗೊಮ್ಮೆ ಮತ್ತೆ. ಅದೇ ಡಿಸೆಂಬರಿನಲ್ಲಿ ಛಡಿಯೇಟಿನ ಜಾಗಕ್ಕೆ ಬಲವಂತದ ದುಡಿಮೆ ಬಂತು, 1845ರಲ್ಲಿ ಕಾನೂನೇ ರದ್ದಾಯಿತು. ಒಬ್ಬರಿಗೂ ಏಟು ಬೀಳಲಿಲ್ಲ. ಆದರೆ ಬಿಸಿ ತಟ್ಟದೆ ಇರಲಿಲ್ಲ. 1844ರಲ್ಲಿ ಮಿಸೌರಿಯಿಂದ ಬಂದ ಜಾರ್ಜ್ ಬುಷ್ ಎಂಬ ಅನುಕೂಲಸ್ಥ ಕಪ್ಪು ರೈತ, ದಾರಿಯುದ್ದಕ್ಕೂ ಬಿಳಿಯ ಕುಟುಂಬಗಳಿಗೆ ಕೈಹಿಡಿದು ನೆರವಾಗಿದ್ದವನು, ಈ ಕಾನೂನಿನ ದೆಸೆಯಿಂದ ಕೊಲಂಬಿಯಾ ನದಿ ದಾಟಿ ಉತ್ತರಕ್ಕೆ, ಇಂದಿನ ಟಮ್‌ವಾಟರ್ ಕಡೆಗೆ ಹೋಗಿ ನೆಲೆಸಬೇಕಾಯಿತು.

1848ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ ಚಿನ್ನ ಸಿಕ್ಕಿತು. ಬರ್ನೆಟ್ ಅಲ್ಲಿಗೆ ಹೋಗಿ ಸ್ವಲ್ಪ ದಿನ ಚಿನ್ನ ತೊಳೆದ. ನಿಜವಾದ ಹಣ ಬಂದದ್ದು ಬೇರೆ ಕಡೆಯಿಂದ. ಜಾನ್ ಸಟರ್ ಎಂಬ ದೊಡ್ಡ ಜಮೀನುದಾರ ಸಾಲದಲ್ಲಿ ಮುಳುಗಿದ್ದ. ಆತನ ಮಗ ಸ್ಯಾಕ್ರಮೆಂಟೊ ಊರನ್ನು ನಿವೇಶನಗಳಾಗಿ ಮಾರಿ ಅಪ್ಪನ ಸಾಲ ತೀರಿಸಲು ಹೊರಟಿದ್ದ. ಬರ್ನೆಟ್ ಆ ಮಗನ ವಕೀಲ ಮತ್ತು ಏಜೆಂಟ್. ಮಾರಾಟದಲ್ಲಿ ಆತನಿಗೂ ಪಾಲು. ಆ ನೆಲ ನಿಸೆನಾನ್ ಜನರದು. ಸಟರ್‌ಗೆ ಅದನ್ನು ಕೊಟ್ಟದ್ದು ಮೆಕ್ಸಿಕೋ ಸರ್ಕಾರ. ಅದರಲ್ಲಿ ದುಡಿದದ್ದು ಮೂಲನಿವಾಸಿಗಳು. ಹೀಗೆ ಒಂದೇ ನೆಲ ಸಟರ್‌ನ ಸಾಲವನ್ನೂ ತೀರಿಸಿತು, ಬರ್ನೆಟ್‌ನ ಸಾಲಕ್ಕೂ ದಾರಿ ಮಾಡಿತು. ಮಿಸೌರಿಯವರಿಗೆ ಅವರ ಹಣ ಪೂರ್ತಿ ಮುಟ್ಟಿತು.

1849ರ ಡಿಸೆಂಬರಿನಲ್ಲಿ ಬರ್ನೆಟ್ ಗವರ್ನರ್ ಆದ. ಮುಂದಿನ ವರ್ಷದ ಏಪ್ರಿಲ್‌ನಲ್ಲಿ ಆತನ ಸಹಿಯಿಂದ ಒಂದು ಕಾನೂನು ಬಂತು. ಅದರ ಹೆಸರಿನಲ್ಲಿ ಮೂಲನಿವಾಸಿಗಳ ‘ರಕ್ಷಣೆ’ ಎಂಬ ಮಾತಿದೆ. ಒಳಗಿರುವುದು ಬೇರೆ. ಕೆಲಸವಿಲ್ಲದೆ ಅಲೆಯುವ ಮೂಲನಿವಾಸಿಯನ್ನು ಹಿಡಿದು ದುಡಿಮೆಗೆ ಹರಾಜು ಹಾಕಬಹುದು, ಮಕ್ಕಳನ್ನು ಬಿಳಿಯರ ಸುಪರ್ದಿಗೆ ಕೊಡಬಹುದು, ಅವರ ಸಾಕ್ಷ್ಯದ ಮೇಲೆ ಬಿಳಿಯನಿಗೆ ಶಿಕ್ಷೆಯಾಗುವಂತಿಲ್ಲ.

ಆಮೇಲೆ 1851ರ ಜನವರಿಯ ಆ ಸಂದೇಶ. ಎಲ್ಲರೂ ಉಲ್ಲೇಖಿಸುವ ‘ನಿರ್ನಾಮ’ದ ಸಾಲನ್ನು ಬಿಟ್ಟು ಅದರ ಮುಂಚಿನ ಸಾಲುಗಳನ್ನು ನಾನು ಓದಿದ್ದು ತಡವಾಗಿ. ಓದಿ ಪುಸ್ತಕ ಮುಚ್ಚಿಟ್ಟೆ. ಅಲ್ಲಿ ಬರ್ನೆಟ್ ಬರೆಯುವುದರ ಸಾರಾಂಶ ಇಷ್ಟು: ನಾವು ಇದ್ದಕ್ಕಿದ್ದಂತೆ ಈ ನಾಡಿನ ಎಲ್ಲ ದಿಕ್ಕಿಗೂ ಹರಡಿಕೊಂಡೆವು, ಬೇಕೆನಿಸಿದ್ದನ್ನೆಲ್ಲ ನಮ್ಮದು ಮಾಡಿಕೊಂಡೆವು, ಅವರ ಒಪ್ಪಿಗೆ ಕೇಳಲಿಲ್ಲ, ಪರಿಹಾರವನ್ನೂ ಕೊಡಲಿಲ್ಲ, ಬಹುಕಾಲದ ಅಡೆತಡೆಯಿಲ್ಲದ ಸ್ವಾಧೀನದಿಂದ ಈ ನೆಲ ತಮ್ಮದು ಎಂಬ ಅರಿವು ಅವರಿಗಿದೆ.

ಒಪ್ಪಿಗೆ, ಪರಿಹಾರ, ಸ್ವಾಧೀನ. ಇವು ವಕೀಲನ ಮಾತುಗಳು, ಸಾಲದ ಕಷ್ಟ ಬಲ್ಲವನ ಮಾತುಗಳು. ಅಂದರೆ ಋಣ ಆತನ ಕಣ್ಣಿಗೆ ಬಿದ್ದಿತ್ತು. ಲೆಕ್ಕದ ಪುಸ್ತಕದಲ್ಲಿ ಬರೆಯುವಷ್ಟು ಸ್ಪಷ್ಟವಾಗಿಯೇ ಬಿದ್ದಿತ್ತು. ಮರುಕ್ಷಣದಲ್ಲಿ ಆತ ಪೆನ್ನನ್ನು ವಿಧಿಯ ಕೈಗೆ ಕೊಟ್ಟುಬಿಡುತ್ತಾನೆ. ಇದು ನೋವಿನ ಸಂಗತಿ, ಆದರೆ ಆ ಜನಾಂಗದ ಗತಿಯನ್ನು ತಪ್ಪಿಸುವುದು ಮನುಷ್ಯನ ಶಕ್ತಿಗೂ ವಿವೇಕಕ್ಕೂ ಮೀರಿದ್ದು ಎನ್ನುತ್ತಾನೆ. ‘ನಾವು’ ಎಂದು ಶುರುವಾದ ಮಾತು ‘ಆಗಿಹೋಗುತ್ತದೆ’ ಎಂದು ಮುಗಿಯುತ್ತದೆ. ನಾವು ಹಣೆಬರಹ ಎನ್ನುತ್ತೇವಲ್ಲ, ಅಂಥದ್ದು. ಆದರೆ ಹಣೆಬರಹಕ್ಕೆ ಬಜೆಟ್ ಬೇಕಾಗುವುದಿಲ್ಲ. 1851 ಮತ್ತು 1852ರಲ್ಲಿ ಕ್ಯಾಲಿಫೋರ್ನಿಯಾ ಶಾಸನಸಭೆ ಈ ದಂಡಯಾತ್ರೆಗಳ ಖರ್ಚಿಗೆಂದು 11 ಲಕ್ಷ ಡಾಲರ್ ಒದಗಿಸಿತು. ಇತಿಹಾಸಕಾರ ಬೆಂಜಮಿನ್ ಮ್ಯಾಡ್ಲಿ ಕೊಡುವ ಅಂದಾಜಿನಂತೆ 1846ರಲ್ಲಿ ಸುಮಾರು ಒಂದೂವರೆ ಲಕ್ಷವಿದ್ದ ಅಲ್ಲಿನ ಮೂಲನಿವಾಸಿಗಳ ಸಂಖ್ಯೆ 1870ರ ಹೊತ್ತಿಗೆ 30 ಸಾವಿರಕ್ಕೆ ಇಳಿಯಿತು. ರೋಗ, ಹಸಿವು, ಜೀತ, ಕೊಲೆ ಎಲ್ಲ ಸೇರಿ.

ಪ್ಲೇಟೋನ ‘ರಿಪಬ್ಲಿಕ್’ ಶುರುವಾಗುವುದೇ ಇಂಥ ಮನುಷ್ಯನಿಂದ. ಸೆಫಾಲಸ್ ಎಂಬ ಮುದುಕ, ಶ್ರೀಮಂತ, ದೈವಭಕ್ತ. ನ್ಯಾಯ ಎಂದರೆ ನಿಜ ಹೇಳುವುದು, ಪಡೆದದ್ದನ್ನು ಹಿಂತಿರುಗಿಸುವುದು ಎಂಬ ಅರ್ಥ ಆತನ ಮಾತಿನಿಂದ ಹೊರಡುತ್ತದೆ. ಸಾಕ್ರೆಟಿಸ್ ಒಂದು ಪ್ರಶ್ನೆ ಕೇಳುತ್ತಲೇ ಚರ್ಚೆಯನ್ನು ಮಗನಿಗೆ ಬಿಟ್ಟು ಪೂಜೆಗೆ ಎದ್ದುಹೋಗುತ್ತಾನೆ. ಮಗ ಪಾಲೆಮಾರ್ಕಸ್ ತರುವ ತಿದ್ದುಪಡಿ ಎಂದರೆ, ಮಿತ್ರರಿಗೆ ಒಳಿತು, ಶತ್ರುಗಳಿಗೆ ಕೆಡುಕು, ಅದೇ ಸಲ್ಲಬೇಕಾದದ್ದನ್ನು ಸಲ್ಲಿಸುವುದು. ಬರ್ನೆಟ್‌ನ ಬದುಕು ಈ ಅಪ್ಪ ಮಗನ ಎರಡು ಮಾತುಗಳನ್ನು ಜೋಡಿಸಿದಂತಿದೆ. ತೀರಿಸಬೇಕು ಎಂಬುದು ಖಚಿತ. ಯಾರಿಗೆ ತೀರಿಸಬೇಕು ಎಂಬುದನ್ನು ಗುಂಪು ನಿರ್ಧರಿಸುತ್ತದೆ.

ಇದು ಒಂದೇ ಸಲ ಆದ ಜಾರುವಿಕೆಯಲ್ಲ. 1858ರಲ್ಲಿ ಬರ್ನೆಟ್ ಕ್ಯಾಲಿಫೋರ್ನಿಯಾದ ಸುಪ್ರೀಂ ಕೋರ್ಟಿನ ನ್ಯಾಯಾಧೀಶ. ಮಿಸಿಸಿಪಿಯಿಂದ ಬಂದ ಸ್ಟೋವಾಲ್ ಎಂಬ ಯುವಕ, ಆರ್ಚಿ ಲೀ ಎಂಬಾತ ತನ್ನ ಗುಲಾಮ, ಅವನನ್ನು ತನಗೆ ಒಪ್ಪಿಸಿ ಎಂದು ಕೇಳಿದ್ದ. ರಾಜ್ಯದ ಸಂವಿಧಾನ ಗುಲಾಮಗಿರಿಯನ್ನು ನಿಷೇಧಿಸಿತ್ತು. ಬರ್ನೆಟ್ ಬರೆದ ತೀರ್ಪು ಹೇಳುವುದೂ ಅದನ್ನೇ: ಸ್ಟೋವಾಲ್‌ಗೆ ಕಾನೂನಿನಲ್ಲಿ ಹಕ್ಕಿಲ್ಲ. ಆದರೆ ಇಂಥ ಪ್ರಕರಣ ಇದೇ ಮೊದಲು, ಹುಡುಗ ಚಿಕ್ಕವನು, ಆರೋಗ್ಯ ಸರಿಯಿಲ್ಲ, ಆದ್ದರಿಂದ ಈ ಸಲ ಲೀಯನ್ನು ಅವನಿಗೇ ಒಪ್ಪಿಸೋಣ! ತತ್ವ ಒಬ್ಬನಿಗೆ, ಮನುಷ್ಯ ಇನ್ನೊಬ್ಬನಿಗೆ. ಏಳು ವರ್ಷದ ಹಿಂದಿನ ಸಂದೇಶದ ರಚನೆಯೇ ಇಲ್ಲೂ ಇದೆ. ಹಕ್ಕನ್ನು ಒಪ್ಪಿಕೊಳ್ಳುವುದು, ಆಮೇಲೆ ವಿನಾಯಿತಿ ಹುಡುಕುವುದು. ಅದೃಷ್ಟಕ್ಕೆ ಅಲ್ಲಿನ ಕಪ್ಪು ಸಮುದಾಯ ಹಣ ಕೂಡಿಸಿ ಹೋರಾಡಿ ಬೇರೆ ದಾರಿಯಿಂದ ಲೀಯನ್ನು ಬಿಡಿಸಿಕೊಂಡಿತು.

ಆ ಕಾಲವೇ ಹಾಗಿತ್ತು, ಇಂದಿನ ಕಣ್ಣಿನಿಂದ ಅಳೆಯಬಾರದು ಎಂದು ನನ್ನ ಸಹಪಾಠಿಯೊಬ್ಬ ವಾದಿಸಿದ. ಗಂಭೀರವಾದ ಆಕ್ಷೇಪವೇ. ಆದರೆ ಛಡಿಯೇಟಿನ ಕಾನೂನನ್ನು ವರ್ಷದೊಳಗೆ ರದ್ದು ಮಾಡಿದವರು ಅದೇ ಕಾಲದವರು, ಅದೇ ವಲಸಿಗರು. ಸ್ವತಂತ್ರ ಕಪ್ಪು ಜನರನ್ನು ಕ್ಯಾಲಿಫೋರ್ನಿಯಾದೊಳಕ್ಕೆ ಬಿಡಬಾರದು ಎಂಬ ಬರ್ನೆಟ್‌ನ ಸಲಹೆಯನ್ನು ಅಲ್ಲಿನ ಶಾಸನಸಭೆ ಒಪ್ಪಲಿಲ್ಲ. ಎಲ್ಲಕ್ಕಿಂತ ಮಿಗಿಲಾಗಿ, ಒಪ್ಪಿಗೆಯಿಲ್ಲದೆ, ಪರಿಹಾರವಿಲ್ಲದೆ ತೆಗೆದುಕೊಂಡೆವು ಎಂದು ಬರೆದವನು ನಮ್ಮ ಕಾಲದವನಲ್ಲ. ಬರ್ನೆಟ್‌ನನ್ನು ಅಳೆಯಲು ನಮ್ಮ ಅಳತೆಗೋಲು ಬೇಡ, ಆತನದೇ ಸಾಕು.

ಆತನ ಪ್ರಾಮಾಣಿಕತೆ ನಟನೆಯಲ್ಲ ಎಂದು ನಾನು ನಂಬುತ್ತೇನೆ. ಸಮಸ್ಯೆ ಇರುವುದೇ ಅಲ್ಲಿ. ಲೆಕ್ಕವಿರುವ ಸಾಲವನ್ನು ತೀರಿಸಿದಾಗ ಮನಸ್ಸಿಗೆ ಒಂದು ಹಗುರ ಬರುತ್ತದೆ. ನಾನು ಯಾರಿಗೂ ಬಾಕಿಯಿಲ್ಲ ಎಂಬ ಹಗುರ. ಆ ಹಗುರವೇ ಉಳಿದ ಬಾಕಿಯನ್ನು ಕಾಣದಂತೆ ಮಾಡುತ್ತದೆ. ಅಪ್ರಾಮಾಣಿಕನಿಗೆ ರಾತ್ರಿ ನಿದ್ದೆಗೆಡಿಸುವ ಒಂದಾದರೂ ಲೆಕ್ಕವಿರುತ್ತದೆ. ಬರ್ನೆಟ್‌ಗೆ ಅದೂ ಇರಲಿಲ್ಲ. 1863ರಿಂದ 1880ರವರೆಗೆ ಆತ ಸ್ಯಾನ್ ಫ್ರಾನ್ಸಿಸ್ಕೋದ ಪೆಸಿಫಿಕ್ ಬ್ಯಾಂಕಿನ ಅಧ್ಯಕ್ಷನಾಗಿದ್ದ. 1895ರಲ್ಲಿ, ತುಂಬು ವಯಸ್ಸಿನಲ್ಲಿ, ತೀರಿಕೊಂಡ.

ಇಷ್ಟನ್ನು ಬರೆದು ನಾನು ನಿಲ್ಲಿಸಬಹುದಿತ್ತು. ಆದರೆ ಋಣ ಎಂಬ ಮಾತನ್ನು ಹೊಗಳಿ, ಅದು ನಮ್ಮಲ್ಲಿದೆ, ಅವರಲ್ಲಿಲ್ಲ ಎಂದು ಮುಗಿಸಿದರೆ ಅದು ನನ್ನ ಅಪ್ರಾಮಾಣಿಕತೆ. ನಮ್ಮ ನೆಲದಲ್ಲಿ ಜೀತಗಾರರನ್ನು ತಲೆಮಾರುಗಟ್ಟಲೆ ಕಟ್ಟಿಹಾಕಿದ್ದು ಸಾಲದ ಕಾಗದ ಮಾತ್ರವಲ್ಲ, ಒಡೆಯನ ಅನ್ನದ ಋಣ ಎಂಬ ಮಾತು ಕೂಡ. ಋಣವನ್ನು ಯಾರು ನೆನಪಿಸುತ್ತಿದ್ದಾರೆ, ಯಾರಿಗೆ ನೆನಪಿಸುತ್ತಿದ್ದಾರೆ ಎನ್ನುವುದರ ಮೇಲೆ ಅದರ ಅರ್ಥ ತಿರುಗುಮುರುಗಾಗುತ್ತದೆ.

ನಮ್ಮ ಅಜ್ಜ ಸಾಯುವ ಮುಂಚೆ ಅಪ್ಪನನ್ನು ಹತ್ತಿರ ಕೂರಿಸಿಕೊಂಡು ಯಾರಿಗೆ ಎಷ್ಟು ಕೊಡಬೇಕು ಎಂದು ಬರೆಸಿದ್ದರಂತೆ. ಕಿರಾಣಿ ಅಂಗಡಿಯ 40 ರೂಪಾಯಿ ಕೂಡ ಅದರಲ್ಲಿತ್ತು. ಹದಿಮೂರರ ಒಳಗೆ ಅಪ್ಪ ಎಲ್ಲವನ್ನೂ ತೀರಿಸಿದರು. ಇದು ನಮ್ಮ ಮನೆಯ ಹೆಮ್ಮೆಯ ಕತೆ; ನಾನೂ ಗೆಳೆಯರಿಗೆ ಹೇಳಿದ್ದೇನೆ. ಬರ್ನೆಟ್‌ನ ಸಂದೇಶವನ್ನು ಓದಿದ ವಾರ ಊರಿಗೆ ಫೋನ್ ಮಾಡಿದಾಗ, ತೋಟದ ಕೆಳಗಿನ ಗದ್ದೆಯ ವಿಷಯ ಕೇಳಿದೆ. ಆ ಗದ್ದೆಯನ್ನು ಮೊದಲು ಒಂದು ಕುಟುಂಬ ಗೇಣಿಗೆ ಮಾಡುತ್ತಿತ್ತು ಎಂದು ಚಿಕ್ಕಂದಿನಲ್ಲಿ ಕೇಳಿದ್ದೆ. 1974ರ ಭೂಸುಧಾರಣೆ ಕಾಯ್ದೆ ಬಂದಾಗ ಗೇಣಿದಾರರು ಏಳನೇ ನಂಬರ್ ಅರ್ಜಿ ಹಾಕಿದರೆ ಉಳುವ ನೆಲ ಅವರದಾಗುತ್ತಿತ್ತು.

“ಅವರು ಯಾಕೆ ಅರ್ಜಿ ಹಾಕಲಿಲ್ಲ, ಅಪ್ಪ?”

“ಅಜ್ಜ ಬೇಡ ಅಂದಿದ್ರು. ಇಷ್ಟು ವರ್ಷ ನಮ್ಮನೆ ಅನ್ನ ಉಂಡಿದೀಯ, ಆ ಋಣ ಮರೀಬೇಡ ಅಂದ್ರಂತೆ. ಅವನು ಹಾಕಲಿಲ್ಲ. ಒಳ್ಳೇ ಮನುಷ್ಯ.”

ಸ್ವಲ್ಪ ಹೊತ್ತು ಇಬ್ಬರೂ ಮಾತಾಡಲಿಲ್ಲ. ಆಮೇಲೆ ಅಪ್ಪ, ಊಟ ಆಯ್ತಾ ಎಂದು ಕೇಳಿದರು.

ಅಜ್ಜ ಬರ್ನೆಟ್ ಅಲ್ಲ. ಒಂದು ಗದ್ದೆ ಒಂದು ಜನಾಂಗದ ನಿರ್ನಾಮಕ್ಕೆ ಸಮವೂ ಅಲ್ಲ. ಹಾಗೆ ಸಮ ಮಾಡುವುದು ಸತ್ತವರಿಗೆ ಮಾಡುವ ಅವಮಾನ. ಆದರೆ ಲೆಕ್ಕದ ಪುಸ್ತಕ ಕೆಲಸ ಮಾಡುವ ರೀತಿ ಒಂದೇ. 40 ರೂಪಾಯಿ ಅದರಲ್ಲಿತ್ತು, ಗದ್ದೆ ಇರಲಿಲ್ಲ. ನನ್ನ ಕಾಲೇಜು, ನನ್ನ ಹಾಸ್ಟೆಲ್ಲು, ಬರ್ನೆಟ್‌ನನ್ನು ಓದುವಷ್ಟು ನನಗೆ ಸಿಕ್ಕ ಬಿಡುವು, ಇದರಲ್ಲೆಲ್ಲ ಆ ಗದ್ದೆಯ ಪಾಲಿದೆ.

ಹಾಗಾದರೆ ಮಾಡಬೇಕಾದದ್ದೇನು? ಋಣವನ್ನು ಸಾಲವನ್ನಾಗಿ ಮಾಡಿ ಕೊಟ್ಟು ಮುಗಿಸಬಹುದೇ? ಕ್ಯಾಲಿಫೋರ್ನಿಯಾದಲ್ಲಿ 1851 ಮತ್ತು 1852ರಲ್ಲಿ ಕೇಂದ್ರ ಸರ್ಕಾರದ ಪ್ರತಿನಿಧಿಗಳು ಮೂಲನಿವಾಸಿಗಳ ಜೊತೆ 18 ಒಪ್ಪಂದಗಳನ್ನು ಮಾಡಿಕೊಂಡರು. ಸೆನೆಟ್ ಅವನ್ನು ತಿರಸ್ಕರಿಸಿತು. ಆ ಕಾಗದಗಳು 1905ರವರೆಗೆ ಗುಟ್ಟಾಗಿಯೇ ಉಳಿದವು. 1964ರಲ್ಲಿ ಕೊನೆಗೂ ಪರಿಹಾರ ನಿಗದಿಯಾದಾಗ ಅದು ಎಕರೆಗೆ ಸುಮಾರು 47 ಸೆಂಟ್. ಬರ್ನೆಟ್ ಹೆಸರಿದ್ದ ಸ್ಯಾನ್ ಹೊಸೆಯ ಶಾಲೆಯೊಂದಕ್ಕೆ 2019ರಲ್ಲಿ ಅಲ್ಲಿನ ಮುವೆಕ್ಮಾ ಓಲೋನಿ ಜನರ ಹೆಸರಿಟ್ಟರು. ಅದೇ ವರ್ಷದ ಜೂನ್‌ನಲ್ಲಿ ಗವರ್ನರ್ ಗೇವಿನ್ ನ್ಯೂಸಮ್, ಬರ್ನೆಟ್‌ನ ಆ ಮಾತನ್ನೇ ಓದಿ ಕ್ಷಮೆ ಕೇಳಿದರು. ಇವುಗಳಲ್ಲಿ ಯಾವುದರಿಂದಲೂ ಋಣ ತೀರಲಿಲ್ಲ. ಆದರೆ ಯಾವುದೂ ವ್ಯರ್ಥ ಎಂದು ನನಗೆ ಅನಿಸುವುದಿಲ್ಲ. ತೀರದ್ದು ಎಂದ ಮಾತ್ರಕ್ಕೆ ಕೊಡುವುದನ್ನು ನಿಲ್ಲಿಸಬಹುದು ಎಂದಾಗುವುದಿಲ್ಲ. ನಿಲ್ಲಿಸಲು ಬೇಕಾದ ನೆಪವನ್ನೇ ಬರ್ನೆಟ್ ವಿಧಿ ಎಂದು ಕರೆದದ್ದು.

ಆತ ಬದುಕಿನಲ್ಲಿ ಮಾಡಿದ ಅತ್ಯಂತ ಒಳ್ಳೆಯ ಕೆಲಸ ಎಂದು ನನಗೆ ಕಾಣುವುದು ಸಾಲ ತೀರಿಸಿದ್ದಲ್ಲ, ಹೊರಡುವ ಮುಂಚೆ ಸಾಲ ಕೊಟ್ಟವರ ಮುಂದೆ ಹೋಗಿ ನಿಂತು ಕೇಳಿದ್ದು. ಕೈಯಲ್ಲಿ ಹಣವಿಲ್ಲದಾಗಲೂ ಮಾಡಬಹುದಾದ ಕೆಲಸ ಅದು. ಆರೆಗನ್ನಿನಲ್ಲಿ, ಸ್ಯಾಕ್ರಮೆಂಟೊದಲ್ಲಿ ಆತ ಮಾಡದೆ ಬಿಟ್ಟದ್ದೂ ಅದೇ.

ಗೇಣಿ ಮಾಡುತ್ತಿದ್ದವರು ಈಗಿಲ್ಲ. ಅವರ ಮಗ ಇದೇ ಊರಿನಲ್ಲಿದ್ದಾರೆ, ಅಪ್ಪನ ವಯಸ್ಸಿನವರು. ರಜೆಗೆ ಹೋದಾಗ ಅವರ ಮನೆಗೆ ಹೋಗಬೇಕು ಎಂದುಕೊಂಡಿದ್ದೇನೆ. ಹೋಗಿ ಹೇಗೆ ಮಾತು ಶುರುಮಾಡುವುದು ಎಂದು ಇನ್ನೂ ಹೊಳೆದಿಲ್ಲ. ಅಪ್ಪನೂ ಬರುತ್ತಾರೋ ಇಲ್ಲವೋ, ಕೇಳಿಲ್ಲ.